ಇಲಿಗೆ ಚೆಲ್ಲಾಟ, ಬೆಕ್ಕಿಗೆ ಪ್ರಾಣಸಂಕಟ: ಅರ್ಧ ನಿಮಿಷದ ಕಾರ್ಟೂನ್ ನೀವೇ ಮಾಡುವ ಬಗೆ

1944ರ 'ಮೌಸ್ ಟ್ರಬಲ್' ಎಂಬ ಟಾಮ್ ಅಂಡ್ ಜೆರ್ರಿ ಚಿತ್ರದಲ್ಲಿ ಬೆಕ್ಕಿನ ಕೈಗೆ ಒಂದು ಪುಸ್ತಕ ಸಿಗುತ್ತದೆ. ಇಲಿ ಹಿಡಿಯುವುದು ಹೇಗೆ ಎಂದು ಕಲಿಸುವ ಪುಸ್ತಕ. ಅದು ಹೇಳಿದ್ದನ್ನೆಲ್ಲ ಅಧ್ಯಾಯದ ಮೇಲೆ ಅಧ್ಯಾಯ ಚಾಚೂ ತಪ್ಪದೆ ಮಾಡುತ್ತಾ ಹೋದ ಟಾಮ್, ಚಿತ್ರ ಮುಗಿಯುವ ಹೊತ್ತಿಗೆ ಮೋಡದ ಮೇಲೆ ಕೂತಿರುತ್ತಾನೆ. ಮಾರ್ಗದರ್ಶಿ ಬರೆಯಲು ಕೂತ ನನಗೆ ಮೊದಲು ನೆನಪಾದದ್ದು ಅದೇ. ನೀವೂ ನೆನಪಿಟ್ಟುಕೊಂಡು ಓದಿ.

ಇಲ್ಲಿ ಹೇಳಹೊರಟಿರುವುದು ಬೆಕ್ಕು ಇಲಿಯನ್ನು ಅಟ್ಟಿಸಿಕೊಂಡು ಹೋಗುವ ಮೂವತ್ತು ಸೆಕೆಂಡಿನ ಕಾರ್ಟೂನನ್ನು ಕೈಯಾರೆ ಬಿಡಿಸಿ ಮಾಡುವ ಬಗೆ. ಮೂವತ್ತೇ ಸೆಕೆಂಡು ಯಾಕೆಂದರೆ ಲೆಕ್ಕ ಹೀಗಿದೆ. ಸಿನಿಮಾ ಓಡುವುದು ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ. ಟಾಮ್ ಅಂಡ್ ಜೆರ್ರಿಯ ಏಳು ನಿಮಿಷದ ಒಂದು ಚಿತ್ರಕ್ಕೆ 10,080 ಫ್ರೇಮ್. ಅದನ್ನು ಮಾಡುತ್ತಿದ್ದ ಹಾಲಿವುಡ್ಡಿನ ಎಂಜಿಎಂ ಸ್ಟುಡಿಯೊದಲ್ಲಿ ಅದಕ್ಕಾಗಿ ಆನಿಮೇಟರುಗಳು, ಅವರ ಸಹಾಯಕರು, ಶಾಯಿ ಎಳೆಯುವವರು, ಬಣ್ಣ ತುಂಬುವವರು, ಹಿನ್ನೆಲೆ ಬರೆಯುವವರು, ಕ್ಯಾಮೆರಾದವರು, ಮೇಲೆ ಒಂದು ವಾದ್ಯವೃಂದ, ಹೀಗೆ ಮದುವೆ ಮನೆಯಷ್ಟು ಜನ ಇದ್ದರು. ನಿಮ್ಮ ಹತ್ತಿರ ಇರುವುದು ಶನಿವಾರ, ಭಾನುವಾರ. ಮೂವತ್ತು ಸೆಕೆಂಡಿಗೆ 720 ಫ್ರೇಮ್. ಒಂದೊಂದು ಚಿತ್ರವನ್ನು ಎರಡೆರಡು ಫ್ರೇಮ್ ನಿಲ್ಲಿಸಿದರೆ 360 ಚಿತ್ರ. ಅದರಲ್ಲಿ ಸುಮ್ಮನೆ ನಿಂತಿರುವ ಫ್ರೇಮುಗಳನ್ನೂ ಮತ್ತೆ ಮತ್ತೆ ಬಳಸುವ ಓಟದ ಚಿತ್ರಗಳನ್ನೂ ಕಳೆದರೆ ನಿಜಕ್ಕೂ ಬಿಡಿಸಬೇಕಾದದ್ದು 150ರಿಂದ 180. ಎರಡು ತಿಂಗಳ ವಾರಾಂತ್ಯಗಳಲ್ಲಿ ಆಗುವ ಕೆಲಸ.

ನನ್ನ ಮೊದಲ ಕಾರ್ಟೂನು ಎರಡು ನಿಮಿಷದ್ದು. ಬೆಕ್ಕು ಓಡಿತು, ಇಲಿ ಓಡಿತು, ಮೇಜು ಹತ್ತಿದವು, ಇಳಿದವು, ಮತ್ತೆ ಓಡಿದವು. ಮನೆಯವರು ನೋಡಿ "ಚೆನ್ನಾಗಿದೆ" ಅಂದರು. ನಗಲಿಲ್ಲ. ಯಾಕೆ ನಗಲಿಲ್ಲ ಅಂತ ಗೊತ್ತಾಗಬೇಕಾದರೆ ನಾನು ಟಾಮ್ ಅಂಡ್ ಜೆರ್ರಿಯ ಮೊದಲ ಚಿತ್ರವನ್ನು, 1940ರದ್ದು, ಕೂತು ಬಿಡಿಬಿಡಿಯಾಗಿ ನೋಡಬೇಕಾಯಿತು. ನೀವು ಕೆಲಸವನ್ನು ಅಲ್ಲಿಂದಲೇ ಶುರುಮಾಡಿ.

ಮೊದಲು ನೋಡಿ, ಮೂರು ಸಲ

ಚಿತ್ರದ ಹೆಸರು 'ಪುಸ್ ಗೆಟ್ಸ್ ದ ಬೂಟ್'. ಬಿಡುಗಡೆಯಾದದ್ದು 1940ರ ಫೆಬ್ರವರಿ 10ರಂದು. ತೆರೆಯ ಮೇಲೆ ಹೆಸರಿರುವುದು ನಿರ್ಮಾಪಕ ರುಡಾಲ್ಫ್ ಐಸಿಂಗ್‌ದು, ದುಡಿದವರು ವಿಲಿಯಂ ಹ್ಯಾನಾ ಮತ್ತು ಜೋಸೆಫ್ ಬಾರ್ಬೆರಾ. ಆಗಿನ್ನೂ ಟಾಮ್ ಇಲ್ಲ. ಬೆಕ್ಕಿನ ಹೆಸರು ಜಾಸ್ಪರ್. ಇಲಿಗೆ ತೆರೆಯ ಮೇಲೆ ಹೆಸರೇ ಇಲ್ಲ. ಮುಂದಿನ ಚಿತ್ರ, 1941ರ 'ದ ಮಿಡ್‌ನೈಟ್ ಸ್ನ್ಯಾಕ್' ಬರುವ ಹೊತ್ತಿಗೆ ಸ್ಟುಡಿಯೊದೊಳಗೇ ಸ್ಪರ್ಧೆ ಇಟ್ಟು ಹೆಸರು ಹುಡುಕಿದರು. ಗೆದ್ದ ಆನಿಮೇಟರಿಗೆ 50 ಡಾಲರ್ ಬಹುಮಾನ. 1958ರವರೆಗೆ ಹ್ಯಾನಾ–ಬಾರ್ಬೆರಾ ಜೋಡಿ 114 ಚಿತ್ರ ಮಾಡಿತು, ಏಳು ಆಸ್ಕರ್ ಬಂದವು.

ಮೊದಲ ಸಲ ಸುಮ್ಮನೆ ನೋಡಿ, ನಗಿ. ಎರಡನೇ ಸಲ ಸದ್ದು ಪೂರ್ತಿ ಕಡಿಮೆ ಮಾಡಿ ನೋಡಿ. ಕತೆ ಆಗಲೂ ಒಂದಿಷ್ಟೂ ತಪ್ಪದೆ ತಿಳಿಯುತ್ತದಲ್ಲ, ಅದಕ್ಕೆ ಕಾರಣ ಭಂಗಿ. ಮೂರನೇ ಸಲ ಮೊಬೈಲನ್ನು ಬೋರಲಾಗಿಟ್ಟು ಸದ್ದನ್ನಷ್ಟೇ ಕೇಳಿ. ಬೆಕ್ಕು ಯಾವಾಗ ಕಳ್ಳಹೆಜ್ಜೆ ಇಟ್ಟಿತು, ಯಾವಾಗ ಜಾರಿತು ಎನ್ನುವುದು ಕಣ್ಣು ಮುಚ್ಚಿದರೂ ಗೊತ್ತಾಗುತ್ತದೆ.

ಆಮೇಲೆ ನಿಮಗೆ ಹಿಡಿಸಿದ ಹತ್ತು ಸೆಕೆಂಡನ್ನು ಆರಿಸಿಕೊಂಡು ಒಂದೊಂದೇ ಫ್ರೇಮ್ ಮುಂದಕ್ಕೆ ಸರಿಸಿ. ಕಂಪ್ಯೂಟರಿನಲ್ಲಿ ವಿಎಲ್‌ಸಿ ಎಂಬ ವಿಡಿಯೊ ಪ್ಲೇಯರ್ ಇದ್ದರೆ ಇಂಗ್ಲಿಷಿನ 'ಇ' ಕೀಲಿ ಒತ್ತಿದಾಗಲೆಲ್ಲ ಒಂದು ಫ್ರೇಮ್ ಸರಿಯುತ್ತದೆ. ಯೂಟ್ಯೂಬಿನಲ್ಲಾದರೆ ನಿಲ್ಲಿಸಿ, ಪೂರ್ಣವಿರಾಮದ ಕೀಲಿ ಒತ್ತಿದರೆ ಮುಂದಕ್ಕೆ, ಅಲ್ಪವಿರಾಮದ ಕೀಲಿಗೆ ಹಿಂದಕ್ಕೆ. ನೋಟ್‌ಬುಕ್ಕಿನಲ್ಲಿ ಎರಡು ಕಾಲಮ್ ಎಳೆದು, ಒಂದರಲ್ಲಿ ಏನಾಯಿತು, ಇನ್ನೊಂದರಲ್ಲಿ ಎಷ್ಟು ಫ್ರೇಮ್ ಹಿಡಿಯಿತು ಎಂದು ಬರೆದುಕೊಳ್ಳಿ. ಬೇಜಾರಿನ ಕೆಲಸ, ಒಪ್ಪುತ್ತೇನೆ. ಆದರೆ ಯಾವ ಪಾಠಕ್ಕಿಂತಲೂ ಹೆಚ್ಚು ಕಲಿಸಿದ್ದು ನನಗೆ ಆ ಎರಡನೇ ಕಾಲಮ್ಮೇ. ಎಷ್ಟೊಂದು ಕಡೆ ಬೆಕ್ಕು ಏನೂ ಮಾಡದೆ ನಿಂತಿರುತ್ತದೆ ಅಂತ ಗೊತ್ತಾದದ್ದು ಆಗ.

ಓಟ ಕತೆಯಲ್ಲ, ಕರಾರು ಕತೆ

ಈಗ ಆ ಮೊದಲ ಚಿತ್ರದ ಎಲುಬನ್ನು ನೋಡೋಣ. ಶುರುವಿನಲ್ಲಿ ಬೆಕ್ಕಿನದೇ ದರ್ಬಾರು. ಇಲಿಯ ಬಾಲ ಹಿಡಿದು ಆಡಿಸುತ್ತದೆ, ಬಿಡುತ್ತದೆ, ಮತ್ತೆ ಹಿಡಿಯುತ್ತದೆ. ಗೋಡೆಯ ಮೇಲೆ ಸುಳ್ಳು ಬಿಲ ಬರೆದು ಇಲಿ ಅದಕ್ಕೆ ಡಿಕ್ಕಿ ಹೊಡೆಯುವಂತೆ ಮಾಡುತ್ತದೆ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂಬ ನಮ್ಮ ಗಾದೆ ಅಕ್ಷರಶಃ ತೆರೆಯ ಮೇಲಿದೆ. ಅಷ್ಟರಲ್ಲಿ ಅಟ್ಟಾಡುವ ಭರದಲ್ಲಿ ಬೆಕ್ಕು ಒಂದು ಹೂಕುಂಡ ಒಡೆದುಬಿಡುತ್ತದೆ. ಮನೆಗೆಲಸದಾಕೆ ಬಂದು ಗದರುತ್ತಾಳೆ: ಇನ್ನೊಂದೇ ಒಂದು ವಸ್ತು ಒಡೆದರೂ ನೀನು ಮನೆಯಿಂದಾಚೆ.

ಚಿತ್ರ ಹುಟ್ಟುವುದು ಆ ಕ್ಷಣದಲ್ಲಿ. ಇಲಿ ಆ ಮಾತನ್ನು ಕೇಳಿಸಿಕೊಂಡಿದೆ. ಮುಂದಿನ ಸಲ ಬೆಕ್ಕು ನುಗ್ಗಿ ಬಂದಾಗ ಅದು ಓಡುವುದಿಲ್ಲ. ಮೇಜಿನ ಅಂಚಿನಲ್ಲಿ ಗಾಜಿನ ಲೋಟ ಹಿಡಿದು ನಿಲ್ಲುತ್ತದೆ. ಬೆಕ್ಕು ಗಕ್ಕನೆ ನಿಂತುಬಿಡುತ್ತದೆ. ಅಲ್ಲಿಂದ ಗಾದೆ ತಿರುಗುಮುರುಗು. ಲೋಟಗಳು ಬೀಳುತ್ತವೆ, ಬೆಕ್ಕು ಹಿಡಿಯುತ್ತದೆ. ನೆಲದ ತುಂಬ ದಿಂಬು ಹಾಸಿ ಬುದ್ಧಿವಂತಿಕೆ ತೋರಿಸುತ್ತದೆ. ಇಲಿ ತಟ್ಟೆಗಳ ಕಡೆ ತಿರುಗುತ್ತದೆ. ಕೈತುಂಬ ತಟ್ಟೆಗಳ ಗೋಪುರ ಹೊತ್ತ ಬೆಕ್ಕು ಕೊನೆಗೆ ಸೋತು ಹೊರಕ್ಕೆ ಎಸೆಯಲ್ಪಡುತ್ತದೆ. ಇಲಿ ತನ್ನ ಬಿಲದ ಮುಂದೆ 'ಮನೆಯೇ ಮಂತ್ರಾಲಯ' ಅನ್ನುವಂಥದೊಂದು ಫಲಕ ಇಡುತ್ತದೆ.

ಕಾಲು, ಹಲ್ಲು, ಉಗುರು ಎಲ್ಲವೂ ಬೆಕ್ಕಿಗೇ ಹೆಚ್ಚು. ಅದನ್ನು ಇಲಿಯ ಕೈಗೊಂಬೆ ಮಾಡಿದ್ದು ಒಂದು ಕರಾರು. 1945ರ 'ಕ್ವಯಟ್ ಪ್ಲೀಸ್' ನೋಡಿ: ಅಲ್ಲಿ ನಾಯಿ ಮಲಗಬೇಕು, ಸದ್ದಾದರೆ ಟಾಮ್‌ಗೆ ಗ್ರಹಚಾರ. ಜೆರ್ರಿ ಸದ್ದು ಮಾಡಲು ಹೊರಡುತ್ತಾನೆ, ಅಷ್ಟೇ ಕತೆ. ಮೇಲೆ ಹೇಳಿದ 'ಮೌಸ್ ಟ್ರಬಲ್'ನಲ್ಲಿ ಪುಸ್ತಕ ಹೇಳಿದಂತೆ ಮಾಡಬೇಕು ಎಂಬುದೇ ಕರಾರು. ನನ್ನ ಎರಡು ನಿಮಿಷದ ಚಿತ್ರದಲ್ಲಿ ಇಲ್ಲದೇ ಹೋದದ್ದು ಇದು. ಬೆಕ್ಕು ಓಡುತ್ತಿತ್ತು, ಆದರೆ ಅದಕ್ಕೆ ಕಳೆದುಕೊಳ್ಳಲು ಏನೂ ಇರಲಿಲ್ಲ.

ಹಾಗಾಗಿ ಪೆನ್ಸಿಲು ಹಿಡಿಯುವ ಮೊದಲು ಒಂದು ಚೀಟಿಯಲ್ಲಿ ಒಂದೇ ವಾಕ್ಯ ಬರೆಯಿರಿ: "ಹೀಗೆ ಆದರೆ ಬೆಕ್ಕಿಗೆ ಹೀಗಾಗುತ್ತದೆ." ಆ ವಾಕ್ಯವನ್ನು ಮಾತಿಲ್ಲದೆ, ನಾಲ್ಕು ಸೆಕೆಂಡಿನಲ್ಲಿ ತೋರಿಸಲು ಆಗುತ್ತದೆಯೇ ನೋಡಿ. ಆಗದಿದ್ದರೆ ಬೇರೆ ಕರಾರು ಹುಡುಕಿ.

ಇಲ್ಲೊಂದು ಮಾತು ಹೇಳದೆ ಮುಂದೆ ಹೋಗುವಂತಿಲ್ಲ. ಆ ಚಿತ್ರಗಳ ಮನೆಗೆಲಸದಾಕೆಯ ಪಾತ್ರ, ಮುಖ ಕಾಣದ, ಕಾಲಷ್ಟೇ ಕಾಣುವ ಕಪ್ಪು ಹೆಂಗಸು, ಆಗಿನ ಅಮೆರಿಕದ ಜನಾಂಗೀಯ ಅಚ್ಚಿನಲ್ಲಿ ಎರಕ ಹೊಯ್ದದ್ದು. ಕಪ್ಪು ಜನ ಆಗಲೇ ಆಕ್ಷೇಪ ಎತ್ತಿದ್ದರು, 1950ರ ದಶಕದ ಆರಂಭದಲ್ಲಿ ಪಾತ್ರ ಮರೆಯಾಯಿತು. ಸ್ಫೋಟದ ನಂತರ ಮುಖ ಕಪ್ಪಾಗುವ ಗೇಲಿಯೂ ಅದೇ ಜಾತಿಯದು. ಕತೆ ಕಟ್ಟುವ ಬಗೆಯನ್ನು ಕಲಿಯಿರಿ, ಈ ಗೇಲಿಯನ್ನು ಅಲ್ಲೇ ಬಿಡಿ.

ನಮ್ಮ ಕತೆ

ಉದಾಹರಣೆಗೆ ನಾನೊಂದು ಕಟ್ಟಿಕೊಡುತ್ತೇನೆ. ಮಧ್ಯಾಹ್ನ, ಅಡಿಗೆಮನೆ. ಅಜ್ಜಿ ಬೆಕ್ಕಿಗೆ ಬಾಗಿಲು ತೋರಿಸಿ, ಬೆರಳನ್ನು ತುಟಿಗೆ ಒತ್ತಿ, ಚಾಪೆಯ ಮೇಲೆ ಮಲಗುತ್ತಾಳೆ. ಕರಾರು ಬಂತು: ಸದ್ದಾದರೆ ಬೆಕ್ಕು ಹೊರಗೆ. ಇಲಿ ಕಾಣುತ್ತದೆ, ಬೆಕ್ಕು ಅಟ್ಟುತ್ತದೆ, ಇಲಿ ಶೆಲ್ಫ್ ಏರುತ್ತದೆ. ಅಲ್ಲಿ ಸ್ಟೀಲ್ ಲೋಟಗಳು. ನಮ್ಮ ಅಡಿಗೆಮನೆಯಲ್ಲಿ ಗಾಜಿಗಿಂತ ಸ್ಟೀಲೇ ವಾಸಿ. ಒಡೆಯುವುದಿಲ್ಲ, ಆದರೆ ಬಿದ್ದರೆ ಬೀದಿಗೆಲ್ಲ ಕೇಳುತ್ತದೆ. ಇಲಿ ಒಂದು ಲೋಟ ತಳ್ಳುತ್ತದೆ, ಬೆಕ್ಕು ನೆಲದಿಂದ ಒಂದಂಗುಲ ಮೇಲೆ ಹಿಡಿಯುತ್ತದೆ. ಎರಡನೆಯದು ಇನ್ನೊಂದು ಕೈಗೆ. ಮೂರನೆಯದು ತಲೆಯ ಮೇಲೆ.

ನಾಲ್ಕನೇ ಲೋಟ ಬೀಳಿಸಬೇಡಿ. ಎರಡು ಸಲ ಮಾಡಿದ್ದನ್ನು ಮೂರನೇ ಸಲ ಮಾಡಿದಾಗ ನೋಡುವವನು ನಾಲ್ಕನೆಯದಕ್ಕೆ ಸಿದ್ಧನಾಗಿ ಕೂತಿರುತ್ತಾನೆ. ಅಲ್ಲಿ ಬೇರೆ ಏನೋ ಆಗಬೇಕು. ಇಲಿ ಕೆಳಗಿಳಿದು, ಅವಸರವೇ ಇಲ್ಲದೆ ದೇವರ ಮನೆಯ ಪುಟ್ಟ ಗಂಟೆ ತರುತ್ತದೆ. ಬೆಕ್ಕಿಗೆ ಗಂಟೆ ಕಟ್ಟುವವರು ಯಾರು ಎಂಬ ಹಳೇ ಪ್ರಶ್ನೆಗೆ ಉತ್ತರ ಸಿಕ್ಕಿತು: ಬೆಕ್ಕಿನ ಎರಡೂ ಕೈ ತುಂಬಿದ್ದರೆ ಯಾರು ಬೇಕಾದರೂ ಕಟ್ಟಬಹುದು. ಬಾಲಕ್ಕೆ ಗಂಟೆ ಕಟ್ಟಿ ಇಲಿ ಹಾಲಿನ ಕಡೆ ನಡೆಯುತ್ತದೆ. ಬೆಕ್ಕು ಅಲುಗುವಂತಿಲ್ಲ.

ಕತೆ ಆದಮೇಲೆ ಆ ಜಾಗದ ನಕ್ಷೆ ಬರೆಯಿರಿ, ಮೇಲಿಂದ ನೋಡಿದಂತೆ. ಬಾಗಿಲು ಎಲ್ಲಿ, ಚಾಪೆ ಎಲ್ಲಿ, ಶೆಲ್ಫ್ ಎಲ್ಲಿ, ಹಾಲಿನ ಪಾತ್ರೆ ಎಲ್ಲಿ. ಬೆಕ್ಕು ಎಡದಿಂದ ಬಲಕ್ಕೆ ಓಡುತ್ತಿದ್ದರೆ ಮುಂದಿನ ಶಾಟಿನಲ್ಲೂ ಹಾಗೇ ಓಡಬೇಕು. ಒಂದೇ ಒಂದು ಕಡೆ ಇದು ತಪ್ಪಿದರೂ ಯಾರು ಯಾರನ್ನು ಅಟ್ಟುತ್ತಿದ್ದಾರೆ ಅಂತ ನೋಡುವವರಿಗೆ ಗಲಿಬಿಲಿ. ಆಮೇಲೆ ಸ್ಟೋರಿಬೋರ್ಡ್: ಒಂದೊಂದು ಶಾಟಿಗೆ ಒಂದೊಂದು ಚೀಟಿ, ಬೆಂಕಿಪೊಟ್ಟಣದಷ್ಟು ಚಿತ್ರ, ಕಡ್ಡಿ ಮನುಷ್ಯರಾದರೂ ಸಾಕು. ಗೋಡೆಗೆ ಅಂಟಿಸಿ, ಮನೆಯಲ್ಲಿ ಯಾರಿಗಾದರೂ ಬೆರಳಿಟ್ಟು ಕತೆ ಹೇಳಿ. ಎಲ್ಲಿ ವಿವರಣೆ ಕೊಡಬೇಕಾಯಿತೋ ಅಲ್ಲಿ ಒಂದು ಚೀಟಿ ಕಮ್ಮಿಯಿದೆ.

ಬೆಕ್ಕು ಮತ್ತು ಇಲಿಯ ಆಕಾರ

ಟಾಮ್, ಜೆರ್ರಿಯನ್ನು ನಕಲು ಮಾಡಬೇಡಿ. ಅವರ ಹಕ್ಕು ಈಗ ವಾರ್ನರ್ ಬ್ರದರ್ಸ್ ಬಳಿ ಇದೆ, ಅದು ಒಂದು ಕಾರಣ. ಇನ್ನೊಂದು ಕಾರಣ, ನಿಮ್ಮದೇ ಬೆಕ್ಕಾದರೆ ಅದನ್ನು ಎಷ್ಟು ಸುಲಭ ಬೇಕೋ ಅಷ್ಟು ಸುಲಭ ಮಾಡಿಕೊಳ್ಳಬಹುದು. 1940ರ ಜಾಸ್ಪರ್ ಮೈಮೇಲೆ ರೋಮದ ಗೆರೆಗಳೇ ಗೆರೆಗಳು, ನಡೆಯುವುದೂ ಬಹುಪಾಲು ನಾಲ್ಕು ಕಾಲಲ್ಲಿ. ಕೆಲವೇ ವರ್ಷಗಳಲ್ಲಿ ಆ ಗೆರೆಗಳು ಮಾಯವಾಗಿ ಟಾಮ್ ನುಣುಪಾದ, ಎರಡು ಕಾಲ ಮೇಲೆ ನಿಲ್ಲುವ ಬೆಕ್ಕಾದ. ಸಾವಿರಾರು ಸಲ ಬಿಡಿಸಬೇಕಾದ ಕೈ ತಾನೇ ಹುಡುಕಿಕೊಂಡ ದಾರಿ ಅದು. ಒಂದು ಪಟ್ಟೆ ಕಡಿಮೆ ಮಾಡಿದರೆ ನಿಮಗೆ 180 ಪಟ್ಟೆ ಉಳಿತಾಯ.

ತಲೆಗೊಂದು ವೃತ್ತ, ಹೊಟ್ಟೆಗೊಂದು ಪೇರಳೆ ಹಣ್ಣು, ಕೈಕಾಲಿಗೆ ಕೊಳವೆ. ಬೆಕ್ಕು ಉದ್ದ, ಇಲಿ ಗುಂಡು. ಇಲಿ ಬೆಕ್ಕಿನ ಅಂಗೈಯಲ್ಲಿ ಕೂರುವಷ್ಟಿರಲಿ. ಇಬ್ಬರನ್ನೂ ಪೂರ್ತಿ ಕಪ್ಪು ತುಂಬಿ ನೋಡಿ. ಆ ನೆರಳಿನಲ್ಲೂ ಯಾರು ಯಾರು, ಏನು ಮಾಡುತ್ತಿದ್ದಾರೆ ಎಂದು ತಿಳಿದರೆ ಭಂಗಿ ಗಟ್ಟಿ. ಎದುರಿನಿಂದ, ಪಕ್ಕದಿಂದ, ಹಿಂದಿನಿಂದ ಒಂದೊಂದು ಚಿತ್ರ ಬಿಡಿಸಿ ಮೇಜಿನ ಮುಂದೆ ಅಂಟಿಸಿಕೊಳ್ಳಿ. ಇಲ್ಲವಾದರೆ ಐವತ್ತನೇ ಚಿತ್ರದ ಹೊತ್ತಿಗೆ ಬೆಕ್ಕು ನಾಯಿಯಾಗಿರುತ್ತದೆ. ನನ್ನದು ಆಗಿತ್ತು.

ಫ್ರೇಮ್ ಲೆಕ್ಕ: ನಗು ಇರುವುದು ಇಲ್ಲಿ

ಹ್ಯಾನಾ–ಬಾರ್ಬೆರಾ ಜೋಡಿಯಲ್ಲಿ ಚಿತ್ರ ಬಿಡಿಸಿ ಕತೆ ಕಟ್ಟುವುದು ಹೆಚ್ಚಾಗಿ ಬಾರ್ಬೆರಾ ಪಾಲು. ಯಾವುದು ಎಷ್ಟು ಫ್ರೇಮ್ ನಿಲ್ಲಬೇಕು ಎಂಬ ಲೆಕ್ಕ ಹ್ಯಾನಾ ಪಾಲು. ಒಂದು ಫ್ರೇಮ್ ಕೂಡ ಪೂರ್ತಿ ಬಿಡಿಸುವ ಮೊದಲೇ ಇಡೀ ಚಿತ್ರದ ಸಮಯ ಕಾಗದದ ಮೇಲೆ ಸಿದ್ಧವಾಗುತ್ತಿತ್ತು, ಸಂಗೀತದ ತಾಳದ ಜೊತೆಗೇ. 1940ರ ಆ ಮೊದಲ ಚಿತ್ರ ಒಂಬತ್ತು ನಿಮಿಷ, ಇಂದಿನ ಕಣ್ಣಿಗೆ ಸ್ವಲ್ಪ ನಿಧಾನ. ಆಮೇಲೆ ಪಕ್ಕದಲ್ಲೇ ಟೆಕ್ಸ್ ಏವರಿ ಎಂಬ ವೇಗದ ಹುಚ್ಚಿನ ನಿರ್ದೇಶಕ ಬಂದು ಕೂತ. ಅವನ ಗಾಳಿ ಇವರಿಗೂ ಬೀಸಿತು.

ನಿಮ್ಮ 720 ಫ್ರೇಮನ್ನು ಮೊದಲು ದೊಡ್ಡ ತುಂಡುಗಳಾಗಿ ಹಂಚಿ. ನಮ್ಮ ಕತೆಗೆ ನಾನು ಹಂಚಿದ್ದು ಹೀಗೆ: ಅಜ್ಜಿಯ ಎಚ್ಚರಿಕೆ 96, ಓಟ 72, ಮೊದಲ ಲೋಟ 144, ಎರಡನೆಯದೂ ಮೂರನೆಯದೂ ಸೇರಿ 84, ಗಂಟೆ ಕಟ್ಟುವುದು 168, ಹಾಲು 60, ಕೊನೆ 96. ಅಟ್ಟಾಟದ ಚಿತ್ರದಲ್ಲಿ ಓಟಕ್ಕೆ ಸಿಕ್ಕಿದ್ದು ಮೂರೇ ಸೆಕೆಂಡು! ಮೊದಲ ಲೋಟಕ್ಕೆ ಆರು ಸೆಕೆಂಡು ಕೊಟ್ಟದ್ದು ಯಾಕೆಂದರೆ ಆಟದ ನಿಯಮ ನೋಡುವವರಿಗೆ ಅಲ್ಲೇ ಅರ್ಥವಾಗಬೇಕು. ಅರ್ಥವಾದಮೇಲೆ ಉಳಿದೆರಡು ಲೋಟ ದಡದಡ ಬೀಳಲಿ.

ಆ 144 ಫ್ರೇಮನ್ನು ಬಿಡಿಬಿಡಿಯಾಗಿ ನೋಡಿದರೆ:

ಇಲಿ ಲೋಟಕ್ಕೆ ಬೆರಳು ತಾಗಿಸುತ್ತದೆ – 16
ಬೆಕ್ಕು ನಿಂತಲ್ಲೇ ಮರಗಟ್ಟುತ್ತದೆ – 20
ಇಲಿ ನಗುತ್ತದೆ – 14
ಬೆರಳು ಹಿಂದಕ್ಕೆ (8), ತಳ್ಳು (4) – 12
ಲೋಟ ಅಂಚಿನಲ್ಲಿ ತೂಗುತ್ತದೆ – 22
ಬೀಳುತ್ತದೆ – 12
ಬೆಕ್ಕು ಹಿಡಿದು ನಿಲ್ಲುತ್ತದೆ – 20
ಕಣ್ಣು ಅಜ್ಜಿಯ ಕಡೆ – 10
ಗೊರಕೆ ಮುಂದುವರಿಯುತ್ತದೆ – 18

ಇದರಲ್ಲಿ ನಿಜವಾಗಿ 'ಆಗುವುದು' ತಳ್ಳುವ 4 ಮತ್ತು ಬೀಳುವ 12, ಒಟ್ಟು 16 ಫ್ರೇಮ್. ಮಿಕ್ಕಿದ್ದೆಲ್ಲ ಕಾಯುವುದು ಮತ್ತು ಗಾಬರಿಯಾಗುವುದು. ಹೊಸಬರು ಮಾಡುವ ತಪ್ಪು ಒಂದೇ: ಕಾಯುವುದನ್ನು ಕತ್ತರಿಸಿ ಬೀಳುವುದನ್ನು ಉದ್ದ ಮಾಡುತ್ತಾರೆ. ಮುಖದ ಮೇಲಿನ ಭಾವ ನೋಡುವವನ ಕಣ್ಣಿಗೆ ತಲುಪಲು ಕಡಿಮೆಯೆಂದರೆ ಎಂಟು ಹತ್ತು ಫ್ರೇಮ್ ಬೇಕು. ಅದು ತಲುಪದೆ ಲೋಟ ಬಿದ್ದರೆ ಬರೀ ಲೋಟ ಬಿದ್ದಂತೆ.

ಬೀಳುವುದಕ್ಕೆ 12 ಅಂದದ್ದು ಅಂದಾಜಲ್ಲ. ನಾಲ್ಕು ಅಡಿ ಎತ್ತರದ ಶೆಲ್ಫಿನಿಂದ ಬಿದ್ದ ವಸ್ತು ನೆಲ ಮುಟ್ಟಲು ಹಿಡಿಯುವುದು ಸುಮಾರು ಅರ್ಧ ಸೆಕೆಂಡು. ಆದರೆ ಸಮನಾಗಿ ಬೀಳುವುದಿಲ್ಲ. ಮೂರನೇ ಫ್ರೇಮಿಗೆ ಮೂರು ಅಂಗುಲ, ಆರನೆಯದಕ್ಕೆ ಹನ್ನೆರಡು, ಒಂಬತ್ತನೆಯದಕ್ಕೆ ಇಪ್ಪತ್ತೇಳು, ಹನ್ನೆರಡಕ್ಕೆ ನಲವತ್ತೆಂಟು. ಅಂದರೆ ಅರ್ಧ ಸಮಯ ಕಳೆದರೂ ಲೋಟ ಇನ್ನೂ ಕಾಲು ದಾರಿಯಲ್ಲೇ ಇರುತ್ತದೆ. ಈ ಅಂತರಗಳಲ್ಲಿ ಬಿಡಿಸಿದರೆ ಲೋಟಕ್ಕೆ ತೂಕ ಬರುತ್ತದೆ. ಸಮ ಅಂತರದಲ್ಲಿ ಬಿಡಿಸಿದರೆ ದಾರಕ್ಕೆ ಕಟ್ಟಿ ಇಳಿಸಿದಂತಿರುತ್ತದೆ. ಬೆಕ್ಕಿಗೆ ಮಾತ್ರ ಭೌತಶಾಸ್ತ್ರ ಬೇಡ. ಅದು ಎಂಟು ಫ್ರೇಮ್ ಕಣ್ಣರಳಿಸಿ ನೋಡಿ, ಉಳಿದ ನಾಲ್ಕರಲ್ಲಿ ಅಡಿಗೆಮನೆ ದಾಟಿ ಹಿಡಿಯಲಿ. ಲೋಟ ನಿಜ, ಬೆಕ್ಕು ಸುಳ್ಳು. ಮೋಜು ಆ ಬೆರಕೆಯಲ್ಲಿದೆ.

ಲೆಕ್ಕ ಹಾಕಲು ಸ್ಟಾಪ್‌ವಾಚ್ ಸಾಲದು, ನೀವೇ ನಟಿಸಬೇಕು. ಬಾಗಿಲು ಹಾಕಿಕೊಂಡು ಬೆಕ್ಕಾಗಿ, ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ಆಮೇಲೆ ಸ್ಟೋರಿಬೋರ್ಡಿನ ಚೀಟಿಗಳ ಫೋಟೊ ತೆಗೆದು, ಬರೆದುಕೊಂಡ ಫ್ರೇಮುಗಳಷ್ಟೇ ಹೊತ್ತು ಒಂದೊಂದೂ ನಿಲ್ಲುವಂತೆ ಜೋಡಿಸಿ, ಬಾಯಲ್ಲೇ 'ಠಣ್', 'ಸುಯ್' ಅಂತ ಸದ್ದು ಸೇರಿಸಿ. ಇದೇ ಆನಿಮ್ಯಾಟಿಕ್. ಈ ಒರಟು ರೂಪ ನಗಿಸದಿದ್ದರೆ ಬಣ್ಣ ಹಚ್ಚಿದ ಮೇಲೂ ನಗಿಸುವುದಿಲ್ಲ. ಇಲ್ಲೇ ನಿಂತು ಒಂದು ವಾರ ತಿದ್ದಿ.

ಬಿಡಿಸುವುದು

ಕಾಗದದ ಮೇಲೆ ಮಾಡುವವರಿಗೆ: ಎ4 ಹಾಳೆ, ಆಫೀಸಿನಲ್ಲಿ ಫೈಲಿಗೆ ತೂತು ಹೊಡೆಯುವ ಎರಡು ತೂತಿನ ಪಂಚ್, ಆ ತೂತಿಗೆ ಬಿಗಿಯಾಗಿ ಕೂರುವ ಎರಡು ಮರದ ಕಡ್ಡಿಯನ್ನು ರಟ್ಟಿಗೆ ಅಂಟಿಸಿ ಮಾಡಿದ ಗೂಟ. ಎಲ್ಲ ಹಾಳೆಯೂ ಅದೇ ಗೂಟದ ಮೇಲೆ ಕೂರಬೇಕು, ಇಲ್ಲದಿದ್ದರೆ ಚಿತ್ರವಿಡೀ ನಡುಗುತ್ತದೆ. ಕೆಳಗಿನ ಹಾಳೆ ಕಾಣಲು ಒಂದು ಗಾಜು, ಅದರಡಿ ಒಂದು ಎಲ್‌ಇಡಿ ದೀಪ. ಕಂಪ್ಯೂಟರಿನಲ್ಲಾದರೆ ಕ್ರಿತಾ, ಓಪನ್‌ಟೂನ್ಜ್, ಪೆನ್ಸಿಲ್2ಡಿ ಮೂರೂ ಉಚಿತ. ಮೊಬೈಲಿನಲ್ಲಿ ಫ್ಲಿಪಾಕ್ಲಿಪ್ ಸಾಕು. ಯಾವುದು ಒಳ್ಳೆಯದು ಅಂತ ಯೋಚಿಸುತ್ತಾ ಕೂತು ತಿಂಗಳು ಕಳೆದವರನ್ನು ನೋಡಿದ್ದೇನೆ. ಕೈಗೆ ಸಿಕ್ಕಿದ್ದರಲ್ಲಿ ಶುರುಮಾಡಿ.

ಮೊದಲ ಚಿತ್ರದಿಂದ ಕೊನೆಯ ಚಿತ್ರದವರೆಗೆ ಸಾಲಾಗಿ ಬಿಡಿಸುತ್ತಾ ಹೋಗಬೇಡಿ. ಮುಖ್ಯ ಭಂಗಿಗಳನ್ನು ಮೊದಲು ಬಿಡಿಸಿ: ಮರಗಟ್ಟಿದ ಬೆಕ್ಕು, ನೆಲಕ್ಕೆ ಚಾಚಿಕೊಂಡ ಬೆಕ್ಕು, ಅಜ್ಜಿಯ ಕಡೆ ತಿರುಗಿದ ಬೆಕ್ಕು. ಆಮೇಲೆ ನಡುವಿನವನ್ನು ತುಂಬಿ. ನಡುವಿನ ಚಿತ್ರ ಸರಿಯಾಗಿ ಮಧ್ಯದಲ್ಲೇ ಇರಬೇಕಿಲ್ಲ. ಶುರುವಿನ ಭಂಗಿಯ ಹತ್ತಿರ ಹೆಚ್ಚು ಚಿತ್ರ ಗುಡ್ಡೆ ಹಾಕಿದರೆ ಚಲನೆ ನಿಧಾನವಾಗಿ ಹೊರಟು ಜೋರಾಗುತ್ತದೆ. ಕೊನೆಯ ಹತ್ತಿರ ಗುಡ್ಡೆ ಹಾಕಿದರೆ ಮೆಲ್ಲಗೆ ಬಂದು ನಿಲ್ಲುತ್ತದೆ. ಕೈ ಚಲಿಸುವ ದಾರಿ ಗೆರೆ ಎಳೆದಂತೆ ನೇರ ಬೇಡ, ಬಿಲ್ಲಿನಂತೆ ಬಾಗಿರಲಿ.

ಯಾವ ದೊಡ್ಡ ಚಲನೆಗೂ ಮುಂಚೆ ಅದರ ಎದುರು ದಿಕ್ಕಿಗೆ ಒಂದು ಸಣ್ಣ ಎಳೆತ ಬೇಕು. ಚೆಂಡು ಎಸೆಯುವವನು ಕೈ ಹಿಂದಕ್ಕೆ ತರುವಂತೆ, ಬೆಕ್ಕು ಮುಂದಕ್ಕೆ ಚಿಮ್ಮುವ ಮೊದಲು ಹಿಂದಕ್ಕೆ ಕುಗ್ಗಲಿ. ಬೆಚ್ಚಿಬೀಳುವುದೂ ಹಾಗೇ: ನಾಲ್ಕು ಫ್ರೇಮ್ ಕುಗ್ಗಿ, ಎರಡು ನಿಂತು, ನಾಲ್ಕರಲ್ಲಿ ಮೇಲಕ್ಕೆ ಹಿಗ್ಗಿ, ಆರರಲ್ಲಿ ತಿರುಗಿ ಮಾಮೂಲಿಗೆ. ಕುಗ್ಗಿದಾಗ ಅಗಲ, ಹಿಗ್ಗಿದಾಗ ಸಪೂರ. ದೇಹದ ಒಟ್ಟು ಗಾತ್ರ ಒಂದೇ ಇರಲಿ, ಚಪಾತಿ ಹಿಟ್ಟಿನ ಉಂಡೆಯಂತೆ.

ಓಟಕ್ಕೆ ಬೆಕ್ಕಿಗೆ ನಾಲ್ಕು ಚಿತ್ರ, ಎರಡೆರಡು ಫ್ರೇಮ್‌ನಂತೆ, ಸುತ್ತಿ ಸುತ್ತಿ ಬಳಸಿ. ಇಲಿಗೂ ನಾಲ್ಕು, ಆದರೆ ಒಂದೊಂದೇ ಫ್ರೇಮ್. ಚಿಕ್ಕ ಕಾಲು ಎರಡರಷ್ಟು ವೇಗವಾಗಿ ಆಡಬೇಕು. ಬೆಕ್ಕು ಇದ್ದಲ್ಲೇ ಓಡಲಿ, ಹಿನ್ನೆಲೆಯ ಉದ್ದ ಹಾಳೆ ಹಿಂದಕ್ಕೆ ಸರಿಯಲಿ. ಅಡಿಗೆಮನೆ ದಾಟುವ ಆ ನಾಲ್ಕು ಫ್ರೇಮಿಗೆ ಬೆಕ್ಕನ್ನೇ ಬಿಡಿಸಬೇಡಿ. ಬೆಕ್ಕಿನ ಬಣ್ಣದ ಒಂದು ಉದ್ದ ಗೀಚು, ಅದರ ತುದಿಗೆ ಎರಡು ಕಣ್ಣು. ಟಾಮ್ ಓಡುವ ಫ್ರೇಮುಗಳನ್ನು ನಿಲ್ಲಿಸಿ ನೋಡಿ, ಇಂಥ ವಿಕಾರಗಳು ಎಷ್ಟೋ ಸಿಗುತ್ತವೆ.

ಬಣ್ಣ, ಹಿನ್ನೆಲೆಗಳ ಬಗ್ಗೆ ಹೆಚ್ಚು ಹೇಳುವುದಿಲ್ಲ. ಹಿನ್ನೆಲೆ ಮಸುಕು, ಪಾತ್ರ ಢಾಳು, ಅಷ್ಟೇ. ಕಾಗದವನ್ನು ಮೊಬೈಲಿನಲ್ಲಿ ತೆಗೆಯುವವರು ರಾತ್ರಿ ಹೊತ್ತು ಒಂದೇ ದೀಪದಲ್ಲಿ, ಫೋಕಸ್ಸನ್ನೂ ಬೆಳಕನ್ನೂ ಲಾಕ್ ಮಾಡಿ ತೆಗೆಯಿರಿ. ಹಗಲಿನಲ್ಲಿ ಮೋಡ ಬಂದು ಹೋದದ್ದೆಲ್ಲ ಚಿತ್ರದಲ್ಲಿ ಮಿಣುಕುತ್ತದೆ.

ಸದ್ದು

ಆ ಚಿತ್ರಗಳ ಸಂಗೀತ ಸ್ಕಾಟ್ ಬ್ರಾಡ್ಲಿಯವರದು. ಬೆಕ್ಕು ಒಂದೊಂದು ಹೆಜ್ಜೆ ಇಟ್ಟಾಗಲೂ ಒಂದೊಂದು ಸ್ವರ. ಇದು ಎಷ್ಟು ದೂರ ಹೋಗಬಲ್ಲದು ಅಂತ ನೋಡಬೇಕಾದರೆ 1947ರಲ್ಲಿ ಬಂದ 'ದ ಕ್ಯಾಟ್ ಕನ್ಸರ್ಟೊ' ನೋಡಿ. ಟಾಮ್ ಪಿಯಾನೊ ಮುಂದೆ ಕೂತು ಲಿಸ್ಟ್ ಎಂಬ ಸಂಗೀತಗಾರನ 'ಎರಡನೇ ಹಂಗೇರಿಯನ್ ರಾಪ್ಸಡಿ' ಕೃತಿ ನುಡಿಸುತ್ತಾನೆ, ಜೆರ್ರಿ ಆ ಪಿಯಾನೊದೊಳಗೇ ಮಲಗಿದ್ದಾನೆ. ಇಲ್ಲೂ ಕರಾರು ಇದೆ: ಸಭೆ ಕೂತಿದೆ, ಕಚೇರಿ ನಿಲ್ಲಿಸುವಂತಿಲ್ಲ. ಜಗಳ ಪೂರ್ತಿ ಆ ಸಂಗೀತದ ತಾಳದಲ್ಲೇ ನಡೆಯುತ್ತದೆ.

ನೀವು ಮೊಬೈಲಿನಲ್ಲಿ ತಾಳ ಹಾಕುವ ಮೆಟ್ರೊನೋಮ್ ಆಪ್ ಒಂದನ್ನು ಹಾಕಿಕೊಳ್ಳಿ. ನಿಮಿಷಕ್ಕೆ 120 ತಾಳ ಅಂದರೆ ತಾಳಕ್ಕೆ 12 ಫ್ರೇಮ್. 180 ಅಂದರೆ 8. 90 ಅಂದರೆ 16. ಇಲಿ ಗಂಟೆ ತರಲು ನಡೆಯುವುದು 16ರ ತಾಳದಲ್ಲಿ, ಓಟ 8ರಲ್ಲಿ ಇರಲಿ. ಹೆಜ್ಜೆಗಳನ್ನು ಆ ಫ್ರೇಮುಗಳ ಮೇಲೇ ಇಟ್ಟರೆ ಆಮೇಲೆ ಯಾವ ಗೆಳೆಯನಾದರೂ ಖಂಜಿರವೋ ಕೀಬೋರ್ಡೋ ನುಡಿಸಿ ಸೇರಿಸಬಹುದು. ಉಳಿದ ಸದ್ದಿಗೆ ಅಡಿಗೆಮನೆಯೇ ಸ್ಟುಡಿಯೊ: ಲೋಟ, ಸೌಟು, ಒದ್ದೆ ಬಟ್ಟೆ. ಟಾಮ್‌ನ ಆ ಪ್ರಸಿದ್ಧ ಕಿರುಚಾಟ ಸ್ವತಃ ಹ್ಯಾನಾ ಅವರ ಗಂಟಲು. ನೀವೂ ಕಿರುಚಿ, ಪಕ್ಕದ ಮನೆಯವರಿಗೆ ಮೊದಲೇ ಹೇಳಿಟ್ಟು.

ಸದ್ದನ್ನು ಏಟು ಬಿದ್ದ ಫ್ರೇಮಿನ ಮೇಲೆ ಇಡಿ. ಹೊಂದಲಿಲ್ಲ ಅನ್ನಿಸಿದರೆ ಒಂದೆರಡು ಫ್ರೇಮ್ ಆಚೀಚೆ ಸರಿಸಿ, ಕಿವಿ ಹೇಳಿದಂತೆ ಕೇಳಿ. ನಮ್ಮ ಕತೆಗೆ ಅಜ್ಜಿಯ ಗೊರಕೆಯೇ ಶ್ರುತಿ. ಅದು ಉದ್ದಕ್ಕೂ ನಡೆಯುತ್ತಿರಲಿ. ಮೂರು ಲೋಟ ಹಿಡಿದಾಗಲೂ ನಿಲ್ಲದಿರಲಿ. ಸಂಗೀತ ಹಾಕಿ ಗೊರಕೆ ಮುಚ್ಚಿಹಾಕಿದರೆ ಕೊನೆಗೆ ಕೈಯಲ್ಲಿ ಏನೂ ಉಳಿಯುವುದಿಲ್ಲ.

ಎಲ್ಲ ಜೋಡಿಸಿದ ಮೇಲೆ ಕತೆ ಗೊತ್ತಿಲ್ಲದ ಒಬ್ಬರಿಗೆ ತೋರಿಸಿ. ನೀವು ಪರದೆ ನೋಡಬೇಡಿ, ಅವರ ಮುಖ ನೋಡಿ. ಎರಡನೇ ಲೋಟ ಬೀಳುವ ಮೊದಲೇ ತುಟಿ ಅರಳಿದರೆ ಕರಾರು ಅರ್ಥವಾಗಿದೆ. ಅರಳದಿದ್ದರೆ ಲೋಟವನ್ನು ತಿದ್ದಬೇಡಿ, ಹಿಂದಕ್ಕೆ ಹೋಗಿ ಅಜ್ಜಿ ಬಾಗಿಲು ತೋರಿಸುವ 96 ಫ್ರೇಮನ್ನು ತಿದ್ದಿ. ಗಂಟೆ ಕಟ್ಟುವಾಗ ಅವರು ಮೊಬೈಲ್ ಕಡೆ ನೋಡಿದರೆ 168ನ್ನು 140ಕ್ಕೆ ಇಳಿಸಿ.

ಕೊನೆಯ 96 ಫ್ರೇಮಿಗೆ ಬಿಡಿಸಬೇಕಾದದ್ದು ಬಹಳ ಕಡಿಮೆ. ಎರಡು ಕೈಯಲ್ಲಿ ಎರಡು ಲೋಟ, ತಲೆಯ ಮೇಲೊಂದು, ಬಾಲದಲ್ಲಿ ಗಂಟೆ. ಬೆಕ್ಕು ನಿಂತಿದೆ. 40 ಫ್ರೇಮ್ ಏನೂ ಆಗುವುದಿಲ್ಲ, ಹಾಲು ಹೀರುವ ಸದ್ದು ಮಾತ್ರ. ಕಣ್ಣುಗುಡ್ಡೆ ಮೆಲ್ಲಗೆ ಬಾಲದ ಕಡೆ ಸರಿಯಲು 12. ಬಾಲದ ತುದಿ, ಬೆಕ್ಕುಗಳ ಬಾಲ ತಾನಾಗಿಯೇ ಆಡುವುದಿಲ್ಲವೇ ಹಾಗೆ, ಒಂದು ಸಲ ಮಿಡಿಯಲು 4. ಟಿಣ್. ಗೊರಕೆ ನಿಲ್ಲುತ್ತದೆ. ಉಳಿದ 40 ಫ್ರೇಮ್ ಕಪ್ಪು ತೆರೆ.